ಲೆಕ್ಕಿಗರ ಕಿರುಚಿತ್ರಕ್ಕೆ ಹಗರಣದ ಎಳೆ ಬೇಕೇ?

ಲೆಕ್ಕಪರಿಶೋಧಕರ ಕಚೇರಿಯ ಬದುಕಿನ ಮೇಲೆ ಇಪ್ಪತ್ತು ನಿಮಿಷದ ಚಿತ್ರ ಮಾಡಲು ಹೊರಟಿರುವ ನೀವು, ಕಂಪ್ಯೂಟರ್ ಪರದೆಯ ಮುಂದೆ ಕುಳಿತವರನ್ನು ಪ್ರೇಕ್ಷಕರು ಎಷ್ಟು ಹೊತ್ತು ನೋಡಿಯಾರು ಎಂಬ ಅಳುಕಿನಿಂದ ಹಗರಣವೊಂದನ್ನು ಕಥೆಗೆ ಸೇರಿಸಲೇ ಎಂದು ಕೇಳಿದ್ದೀರಿ. ದಯವಿಟ್ಟು ಸೇರಿಸಬೇಡಿ. ಸಿನಿಮಾದ ಕಡೆಗೆ ಬರುವ ಮೊದಲು ನಾನು ಮೂರು ವರ್ಷ ಆರ್ಟಿಕಲ್‌ಶಿಪ್, ಅಂದರೆ ಲೆಕ್ಕಪರಿಶೋಧಕರ ಕೈಕೆಳಗಿನ ತರಬೇತಿ, ಮಾಡಿದ್ದೇನೆ; ಆ ಕೋಣೆಯಲ್ಲಿ ಕಂಡ ತಳಮಳವೆಲ್ಲ ತಾಳೆಯಾಗದ ಮೊತ್ತಗಳದ್ದೇ.

ಈಗಿನ ಸಾಫ್ಟ್‌ವೇರ್‌ನಲ್ಲಿ ಟ್ರಯಲ್ ಬ್ಯಾಲೆನ್ಸ್ (ಎಲ್ಲ ಖಾತೆಗಳ ಡೆಬಿಟ್-ಕ್ರೆಡಿಟ್ ಮೊತ್ತಗಳ ತಾಳೆಪಟ್ಟಿ) ತಾನಾಗಿಯೇ ಕೂಡಿಬರುವುದರಿಂದ, ಮುಖ್ಯ ದೃಶ್ಯವನ್ನು ಬ್ಯಾಂಕ್ ರಿಕನ್ಸಿಲಿಯೇಶನ್ ಮೇಲೆ, ಅಂದರೆ ಲೆಕ್ಕದ ಪುಸ್ತಕವನ್ನು ಬ್ಯಾಂಕಿನ ಲೆಕ್ಕದೊಂದಿಗೆ ತಾಳೆ ನೋಡುವ ಕೆಲಸದ ಮೇಲೆ, ಕಟ್ಟಿ. ಪುಸ್ತಕದ ಶಿಲ್ಕಿಗೂ ಬ್ಯಾಂಕಿನ ಶಿಲ್ಕಿಗೂ 900 ರೂಪಾಯಿ ವ್ಯತ್ಯಾಸ ಬಂದಿದೆ ಎನ್ನಿ. ಅನುಭವಸ್ಥರು ಮೊದಲು ಅದನ್ನು ಅರ್ಧ ಮಾಡಿ, 450 ರೂಪಾಯಿಯ ಜಮೆಯೊಂದು ಖರ್ಚಿನ ಬದಿಗೆ ಬಿದ್ದಿದೆಯೇ ಎಂದು ನೋಡುತ್ತಾರೆ. ಅದು ಸಿಗದಿದ್ದರೆ 9ರಿಂದ ಭಾಗಿಸುತ್ತಾರೆ. ಶೇಷವಿಲ್ಲದೆ ಭಾಗವಾದರೆ ಎಲ್ಲೋ ಅಂಕಿಗಳು ಅದಲುಬದಲಾಗಿರುವ, ಅಂದರೆ 5,400 ಎಂಬುದು 4,500 ಆಗಿರುವ ಸಾಧ್ಯತೆಯುಂಟು ಎಂದು ಊಹಿಸುತ್ತಾರೆ. 900ಕ್ಕೆ ಎರಡೂ ದಾರಿ ತೆರೆದಿರುವುದರಿಂದ, ನಿಮ್ಮ ಪಾತ್ರ ಮೊದಲ ದಾರಿಯಲ್ಲಿ ಅರ್ಧ ರಾತ್ರಿ ಕಳೆದು ಬರಿಗೈಯಲ್ಲಿ ಮರಳಬಹುದು. ಕ್ಯಾಮೆರಾವನ್ನು ಮುಖಕ್ಕಿಂತ ಹೆಚ್ಚಾಗಿ ಕೈಗಳ ಮೇಲೆ ಇಡಿ: ಪಳಗಿದ ಬೆರಳು ನಂಬರ್ ಪ್ಯಾಡ್‌ನ 5ರ ಕೀಲಿಯ ಮೇಲಿನ ಉಬ್ಬನ್ನು ಸವರಿ ನೆಲೆ ಗುರುತಿಸಿಕೊಳ್ಳುತ್ತದೆ, ಕಣ್ಣು ವೋಚರ್ ಬಿಟ್ಟು ಕದಲುವುದಿಲ್ಲ.

ತೆರಿಗೆ ಆಡಿಟ್ ವರದಿಯ ಗಡುವು ಸಾಮಾನ್ಯವಾಗಿ ಸೆಪ್ಟೆಂಬರ್ 30. ಆ ದಿನಗಳಲ್ಲಿ ಯಾವ ಕಚೇರಿಯೂ ಚಿತ್ರೀಕರಣಕ್ಕೆ ಜಾಗ ಕೊಡಲಾರದು. ಆಗಸ್ಟ್‌ನಲ್ಲಿ ಹೋಗಿ ಮೂಲೆಯಲ್ಲಿ ಕುಳಿತು ನೋಡಿ, ಚಿತ್ರೀಕರಣವನ್ನು ಡಿಸೆಂಬರ್‌ಗೆ ಇಟ್ಟುಕೊಳ್ಳಿ. ಹೊರಾಂಗಣ ಬೇಕೆನಿಸಿದರೆ ಮಾರ್ಚ್ 31ರ ದಾಸ್ತಾನು ಎಣಿಕೆಯಿದೆ: ಗೋದಾಮಿನ ಧೂಳಿನಲ್ಲಿ ಮೂಟೆಗಳ ಮೇಲೆ ಹತ್ತಿ ಎಣಿಸುವ ಹುಡುಗಿ, ಕೆಳಗೆ ಪಟ್ಟಿ ಹಿಡಿದು ನಿಂತ ಗುಮಾಸ್ತ. ನನ್ನ ಕಾಲದ ಮೂರು ವರ್ಷದ ತರಬೇತಿ 2023ರ ಹೊಸ ಯೋಜನೆಯಲ್ಲಿ ಎರಡು ವರ್ಷಕ್ಕೆ ಇಳಿದಿದೆ. ಸಂಭಾಷಣೆ ಬರೆಯುವಾಗ ನೆನಪಿರಲಿ. ಟ್ಯೂಬ್‌ಲೈಟ್ ಮಿಣುಕದಂತೆ ಸೆಕೆಂಡಿಗೆ 25 ಫ್ರೇಮ್, 1/50 ಸೆಕೆಂಡಿನ ಶಟರ್ ಸಾಕು.

ನಿಜವಾದ ಕಡತಗಳನ್ನು ಮಾತ್ರ ಎಂದಿಗೂ ಚೌಕಟ್ಟಿನೊಳಗೆ ತರಬೇಡಿ. ಕಕ್ಷಿದಾರರ ಒಪ್ಪಿಗೆಯಿಲ್ಲದೆ ಅವರ ಮಾಹಿತಿ ಹೊರಬಿಡುವುದು 1949ರ ಚಾರ್ಟರ್ಡ್ ಅಕೌಂಟೆಂಟ್ಸ್ ಕಾಯ್ದೆಯಂತೆ ವೃತ್ತಿ ದುರ್ನಡತೆಯಾಗುತ್ತದೆ, ಅದರ ಪೆಟ್ಟು ನಿಮಗೆ ಜಾಗ ಕೊಟ್ಟವರಿಗೆ ಬೀಳುತ್ತದೆ. ಪ್ಯಾನ್ ಸಂಖ್ಯೆಯನ್ನು ಮಸುಕುಗೊಳಿಸಿದರೂ ಸಾಲದು, ಏಕೆಂದರೆ 15 ಅಕ್ಷರಗಳ ಜಿಎಸ್‌ಟಿ ಸಂಖ್ಯೆಯೊಳಗೆ ಮೂರನೆಯದರಿಂದ ಹನ್ನೆರಡನೆಯದರವರೆಗೆ ಅದೇ ಪ್ಯಾನ್ ಅಡಗಿರುತ್ತದೆ. ಇದರ ಬದಲು ಕಾಲ್ಪನಿಕ ಅಂಗಡಿಯೊಂದರ ಒಂದು ತಿಂಗಳ ವಹಿವಾಟನ್ನು ನೀವೇ ಕುಳಿತು ಟ್ಯಾಲಿ ಎಂಬ ಲೆಕ್ಕದ ಸಾಫ್ಟ್‌ವೇರ್‌ನಲ್ಲಿ ನಮೂದಿಸಿ, 5,400ರ ಆ ಒಂದು ರಸೀದಿಯನ್ನು ಬೇಕೆಂದೇ ತಪ್ಪಾಗಿ ಬರೆದಿಡಿ. ಅದು ಎಲ್ಲಿದೆ ಎಂದು ನಟಿಗೆ ಹೇಳದೆ, ಹುಡುಕಲು ಬಿಟ್ಟು ಕ್ಯಾಮೆರಾ ಓಡಿಸಿ.