ಲೀತ್ ಮೆದುಚಿಪ್ಪಿನ ಆಮೆ ಎಲ್ಲೆಲ್ಲಿದೆ? ಯಾಕೆ ಕಡಿಮೆಯಾಗುತ್ತಿದೆ?

ಇದು ದಕ್ಷಿಣ ಭಾರತದ ಸಿಹಿನೀರಿನ ಆಮೆ. ಗೋದಾವರಿ, ಕೃಷ್ಣಾ, ಕಾವೇರಿಯಂಥ ನದಿಗಳಲ್ಲಿದೆ, ನಮ್ಮ ತುಂಗಭದ್ರೆಯಲ್ಲೂ ಇದೆ. ಭಾರತದ ಹೊರಗೆ ಎಲ್ಲೂ ಇಲ್ಲ.

ಕಡಿಮೆಯಾಗಲು ದೊಡ್ಡ ಕಾರಣ ಬೇಟೆ. ಇದರ ಬೆನ್ನಿನ ಮೇಲೆ ಗಟ್ಟಿ ಚಿಪ್ಪಿನ ಬದಲು ತೊಗಲಿನಂಥ ಹೊದಿಕೆ ಇರುತ್ತದೆ. ಅಂಚಂತೂ ಮೆತ್ತಗೆ, ಬಾಗುತ್ತದೆ. ಮಾಂಸಕ್ಕೂ ಆ ಅಂಚಿಗೂ ಕಳ್ಳಪೇಟೆಯಲ್ಲಿ ಬೇಡಿಕೆ ಜಾಸ್ತಿ. ಅದರ ಮೇಲೆ ಮರಳು ಗಣಿಗಾರಿಕೆ ಬೇರೆ. ಮೈಯನ್ನು ಮರಳಿನಲ್ಲಿ ಹುದುಗಿಸಿ, ಕೊಳವೆಯಂಥ ಮೂತಿಯನ್ನಷ್ಟೇ ಹೊರಗಿಟ್ಟು ಕೂರುವ ಜೀವಿ ಇದು. ಮರಳನ್ನೇ ತೆಗೆದರೆ ಅಡಗುವುದೆಲ್ಲಿ, ಅಲ್ವಾ?

ಮರಿಗಳ ಬೆನ್ನಿನ ಮೇಲೆ ಸಾಮಾನ್ಯವಾಗಿ ಕಣ್ಣಿನಂಥ ನಾಲ್ಕು ಚುಕ್ಕೆಗಳಿರುತ್ತವೆ. ನೋಡಲು ಬಲು ಚೆಂದ. 2022ರಲ್ಲಿ ಇದರ ಅಂತರರಾಷ್ಟ್ರೀಯ ವ್ಯಾಪಾರಕ್ಕೆ ಸೈಟಿಸ್ (ಅಳಿವಿನಂಚಿನ ಜೀವಿಗಳ ವ್ಯಾಪಾರವನ್ನು ನಿಯಂತ್ರಿಸುವ ಅಂತರರಾಷ್ಟ್ರೀಯ ಒಡಂಬಡಿಕೆ) ಒಪ್ಪಂದದಡಿ ನಿಷೇಧ ಬಿತ್ತು.