ಮುಖ ಮಸುಕಾದರೆ ಗುರುತು ಮರೆಯಾಗುವುದಿಲ್ಲ

ಪತ್ರ: "ಕೊಡಗಿನ ತಿತಿಮತಿ ಸುತ್ತಲಿನ ಹಾಡಿಗಳಲ್ಲಿ (ಬುಡಕಟ್ಟು ಜನರ ಕೇರಿಗಳಲ್ಲಿ) ಸಿಕಲ್ ಸೆಲ್ ರಕ್ತಹೀನತೆಯ ಬಗ್ಗೆ ಇಪ್ಪತ್ತು ನಿಮಿಷದ ಸಾಕ್ಷ್ಯಚಿತ್ರ ಮಾಡುತ್ತಿದ್ದೇವೆ. ಜುಲೈಯಲ್ಲಿ ಎರಡು ದಿನ ಶೂಟಿಂಗ್. ಮುಖಗಳನ್ನು ಮಸುಕು ಮಾಡಿದರೆ ಸಾಕಲ್ಲವೇ?" – ಗೋಣಿಕೊಪ್ಪಲಿನ ಓದುಗರು

ಸಂಪಾದಕರ ಉತ್ತರ: ಸಾಲದು. ದನಿ, ನಡಿಗೆ, ಉಟ್ಟ ಸೀರೆ, ಮನೆ ಹಿಂದಿನ ಮರ, ಇಷ್ಟಿದ್ದರೆ ಹಾಡಿಯವರಿಗೆ ಚಿತ್ರದಲ್ಲಿರುವಾಕೆ ಯಾರೆಂದು ಗೊತ್ತಾಗುತ್ತದೆ. ಇದು ಕೆಂಪು ರಕ್ತಕಣಗಳು ಕುಡುಗೋಲಿನಂತೆ ಬಾಗುವ, ತಂದೆ ತಾಯಿಯಿಂದ ಮಕ್ಕಳಿಗೆ ಬರುವ ಕಾಯಿಲೆ. ಒಬ್ಬಳ ವಿಷಯ ಬಯಲಾದರೆ ತಂಗಿಯ ಮದುವೆ ಮಾತುಕತೆಯೂ ನಿಂತುಹೋಗಬಹುದು. ಗುರುತು ಬೇಡ ಎಂದವರ ಕೈಗಳನ್ನಷ್ಟೇ ತೆಗೆಯಿರಿ, ಅವರ ಮಾತನ್ನು ಬೇರೆಯವರಿಂದ ಓದಿಸಿ. ಹಾಡಿಯ ಹೆಸರನ್ನೂ ಬಿಟ್ಟುಬಿಡಿ.

ಒಪ್ಪಿಗೆ ಕೇಳುವಾಗ ತೋಟದ ರೈಟರ್ ಪಕ್ಕದಲ್ಲಿರಬಾರದು. ಕೂಲಿ ಕೊಡುವವರ ಎದುರು ಯಾರೂ ಬೇಡ ಎನ್ನುವುದಿಲ್ಲ. ಆಶಾ ಕಾರ್ಯಕರ್ತೆಯನ್ನೂ ದುಭಾಷಿ ಮಾಡಬೇಡಿ. ನಾಳೆ ಔಷಧಿಗೆ ಅವರನ್ನೇ ಕೇಳಬೇಕಲ್ಲ ಎಂಬ ಅಳುಕು ಇರುತ್ತದೆ. ಯರವ ಅಥವಾ ಜೇನುಕುರುಬ ನುಡಿ ಬಲ್ಲ, ಆ ಹಾಡಿಗೆ ಸೇರದವರನ್ನು ಹುಡುಕಿ. ಮೊದಲ ಭೇಟಿಗೆ ಕ್ಯಾಮೆರಾ ಒಯ್ಯಬೇಡಿ. ಶೂಟಿಂಗ್ ಮುಗಿದ ಮೇಲೊಮ್ಮೆ, ಎಡಿಟ್ ತೋರಿಸಿದ ಮೇಲೊಮ್ಮೆ ಮತ್ತೆ ಕೇಳಿ. ಎರಡು ದಿನ ಇದಕ್ಕೇ ಸಾಲುವುದಿಲ್ಲ. ನಾಗರಹೊಳೆ ಒಳಗಿನ ಹಾಡಿಗಳಾದರೆ ಅರಣ್ಯ ಇಲಾಖೆಯ ಅನುಮತಿ ಮೊದಲೇ ಪಡೆಯಿರಿ.

ಚಿತ್ರಗಳು ಹೆಚ್ಚು ಎಡವುವುದು ವಾಹಕರನ್ನು, ಅಂದರೆ ತಂದೆ ಅಥವಾ ತಾಯಿ ಒಬ್ಬರಿಂದಷ್ಟೇ ಈ ದೋಷದ ಜೀನ್ ಪಡೆದವರನ್ನು, ರೋಗಿಗಳೆಂದು ತೋರಿಸುವಲ್ಲಿ. ವಾಹಕರಲ್ಲಿ ಹೆಚ್ಚಿನವರು ಜೀವನಪೂರ್ತಿ ಆರೋಗ್ಯವಾಗಿರುತ್ತಾರೆ. ತಂದೆ, ತಾಯಿ ಇಬ್ಬರೂ ವಾಹಕರಾದರೆ ಪ್ರತಿ ಬಸಿರಿನಲ್ಲೂ ಮಗುವಿಗೆ ಕಾಯಿಲೆ ಬರುವ ಸಾಧ್ಯತೆ ಶೇ. 25, ವಾಹಕವಾಗುವ ಸಾಧ್ಯತೆ ಶೇ. 50. ಮೊದಲ ಮೂರು ಮಕ್ಕಳು ಚೆನ್ನಾಗಿದ್ದರೂ ನಾಲ್ಕನೆಯದಕ್ಕೆ ಲೆಕ್ಕ ಅದೇ. ಶಿಬಿರಗಳಲ್ಲಿ ಮಾಡುವ ಸಾಲ್ಯುಬಿಲಿಟಿ ಪರೀಕ್ಷೆಯಲ್ಲಿ ದ್ರಾವಣ ಮಸುಕಾದರೆ ಸಿಕಲ್ ಹಿಮೋಗ್ಲೋಬಿನ್ ಇದೆಯೆಂದಷ್ಟೇ ಅರ್ಥ. ವಾಹಕವೋ ರೋಗಿಯೋ ಎಂಬುದನ್ನು ಹಿಮೋಗ್ಲೋಬಿನ್ ಬಗೆಗಳನ್ನು ಬೇರ್ಪಡಿಸಿ ಅಳೆಯುವ ಎಚ್‌ಪಿಎಲ್‌ಸಿಯಂಥ ಲ್ಯಾಬ್ ಪರೀಕ್ಷೆ ಹೇಳಬೇಕು. ಆ ಟ್ಯೂಬಿನ ಶಾಟ್ ಮೇಲೆ "ಈಕೆಗೆ ರೋಗವಿದೆ" ಎಂಬ ನಿರೂಪಣೆ ಬಂದರೆ ನಿಮ್ಮ ಚಿತ್ರ ಒಂದು ಮನೆಗೆ ಸುಳ್ಳು ಹೇಳಿದಂತೆ.

"ಹೊಸ ಕಾಯಿಲೆ" ಎಂದೂ ಬರೆಯಬೇಡಿ. ಪಕ್ಕದ ನೀಲಗಿರಿಯ ಬುಡಕಟ್ಟುಗಳಲ್ಲಿ ಇದು 1952ರಲ್ಲೇ ಪತ್ತೆಯಾಗಿತ್ತು; ರಾಷ್ಟ್ರೀಯ ನಿರ್ಮೂಲನಾ ಅಭಿಯಾನ ಶುರುವಾದದ್ದು 2023ರಲ್ಲಿ. ನಡುವಿನ ಎಪ್ಪತ್ತು ವರ್ಷಗಳೇ ನಿಮ್ಮ ಚಿತ್ರದ ನಿಜವಾದ ಪ್ರಶ್ನೆ. ನೋವಿನಿಂದ ಅಳುವ ತಾಯಿಗಿಂತ, ಈ ಕಾಯಿಲೆಯ ನೋವಿನ ಸರದಿಗಳನ್ನು ತಗ್ಗಿಸುವ ಹೈಡ್ರಾಕ್ಸಿಯೂರಿಯಾ ಮಾತ್ರೆಗೆ ಆಕೆ ಎಷ್ಟು ದೂರ ಹೋಗಬೇಕು, ಬಸ್ಸು ಎಷ್ಟು ಗಂಟೆಗೆ, ಅಂದಿನ ಕೂಲಿ ಎಷ್ಟು ಹೋಯಿತು ಎಂಬುದನ್ನು ತೋರಿಸಿ.

ಶೂಟಿಂಗ್ ಜುಲೈಯಲ್ಲಿ ಬೇಡ. ಅದಕ್ಕೆ ಕಾರಣವಿದೆ. ಚಳಿ, ನೆನೆಯುವುದು, ದಣಿವು, ನೀರು ಕುಡಿಯದಿರುವುದು, ಇವೆಲ್ಲ ಈ ರೋಗಿಗಳಲ್ಲಿ ತೀವ್ರ ನೋವನ್ನು ಕೆರಳಿಸಬಲ್ಲವು. ಒಂದು ಶಾಟ್‌ಗಾಗಿ ಯಾರನ್ನೂ ಮಳೆಯಲ್ಲಿ ನಿಲ್ಲಿಸಬಾರದು. ತೋಟದ ಕಾರ್ಮಿಕರ ಲೈನ್ ಮನೆಯ ತಗಡಿನ ಮಾಡಿನ ಮೇಲೆ ಬೀಳುವ ಮಳೆಯ ಸದ್ದು ಎಡಿಟಿಂಗ್‌ನಲ್ಲಿ ಪೂರ್ತಿ ಹೋಗುವುದೂ ಇಲ್ಲ. ಹೋಗಲೇಬೇಕಾದರೆ ಮಳೆ ಬಿಟ್ಟಾಗ, ಕಾಲರ್ ಮೈಕನ್ನು ಗಲ್ಲದಿಂದ ಒಂದು ಗೇಣು ಕೆಳಗೆ ಸಿಕ್ಕಿಸಿ ರೆಕಾರ್ಡ್ ಮಾಡಿ. ಬಲ್ಬಿನ ಬೆಳಕಿನಲ್ಲಿ ಸೆಕೆಂಡಿಗೆ 25 ಫ್ರೇಮ್, ಶಟರ್ 1/50 ಇಟ್ಟರೆ ಮಿನುಗು ತಪ್ಪುತ್ತದೆ.

ಮುಗಿದ ಚಿತ್ರವನ್ನು ಯೂಟ್ಯೂಬ್‌ಗೆ ಹಾಕುವ ಮೊದಲು ಹಾಡಿಯಲ್ಲೇ ಬಿಳಿ ಪಂಚೆ ಕಟ್ಟಿ ತೋರಿಸಿ. ಆಮೇಲೆ ಕನಿಷ್ಠ ಒಂದು ವಾರ ಕಾಯಿರಿ. ಎಲ್ಲರ ಎದುರು ಹೇಳಲಾಗದ "ಬೇಡ"ವನ್ನು ಹೇಳಲು ಅಷ್ಟು ಸಮಯವಾದರೂ ಬೇಕು.