ಸಂಬಳವಿಲ್ಲದ ಶೆರಿಫ್

ಶಿವಮೊಗ್ಗದ ಓದುಗರೊಬ್ಬರು ಬರೆದಿದ್ದಾರೆ: "ಇಂಗ್ಲೆಂಡಿನ ಹಳ್ಳಿಗಾಡಿನ ಜಮೀನ್ದಾರರು ಬಿಡಿಗಾಸೂ ತಗೊಳ್ಳದೆ ಜಿಲ್ಲೆಯ ಆಡಳಿತ ನೋಡಿಕೊಳ್ಳುತ್ತಿದ್ದರಂತೆ. ಇದು ಸೇವೆಯೋ, ಸುಮ್ನೆ ದೊಡ್ಡಸ್ತಿಕೆಯೋ?"

ನಿಮ್ಮ ಅನುಮಾನದಲ್ಲಿ ತಪ್ಪಿಲ್ಲ. ಸಂಬಳ ಇರಲಿಲ್ಲ, ಅಧಿಕಾರ ಮಾತ್ರ ಧಾರಾಳವಾಗಿತ್ತು. 18ನೇ ಶತಮಾನದಲ್ಲಿ ಕೌಂಟಿಯ, ಅಂದರೆ ಅಲ್ಲಿನ ಜಿಲ್ಲೆಯ, ಮ್ಯಾಜಿಸ್ಟ್ರೇಟ್ ಆಗಲು ವರ್ಷಕ್ಕೆ 100 ಪೌಂಡ್ ಹುಟ್ಟುವ ಜಮೀನು ಇರಬೇಕೆಂದು ಕಾನೂನೇ ಇತ್ತು. ಸೇತುವೆ, ಜೈಲು, ಬಡವರ ಪರಿಹಾರ, ಎಲ್ಲದರ ಮೇಲೂ ಇವರದೇ ಕಣ್ಣು. ಮೊಲ ಹಿಡಿದು ಸಿಕ್ಕಿಬಿದ್ದ ಕೂಲಿಯವನ ವಿಚಾರಣೆ ಮಾಡುವವರೂ ಇವರೇ. ಆ ಮೊಲ ಓಡಾಡುವ ಜಮೀನೂ ಇವರಂಥವರದ್ದೇ, ಅಲ್ವಾ?

ಆದರೆ ಇದೇ ಸಾಲಿನ ಒಬ್ಬ ಜಮೀನ್ದಾರನ ಕಥೆ ಬೇರೆ. ಜಾನ್ ಹೋವರ್ಡ್, ಬೆಡ್‌ಫರ್ಡ್ ಹತ್ತಿರದ ಕಾರ್ಡಿಂಗ್ಟನ್‌ನವನು. ಅಪ್ಪನ ದುಡ್ಡಿತ್ತು, ಜಮೀನಿತ್ತು. ಒಕ್ಕಲುಗಳಿಗೆ ಒಳ್ಳೆಯ ಮನೆ ಕಟ್ಟಿಸಿಕೊಟ್ಟಿದ್ದ. 1773ರಲ್ಲಿ ಆತನನ್ನು ಬೆಡ್‌ಫರ್ಡ್‌ಶೈರ್‌ನ ಹೈ ಶೆರಿಫ್, ಅಂದರೆ ಆ ಕೌಂಟಿಯಲ್ಲಿ ರಾಜನ ಪ್ರತಿನಿಧಿ, ಮಾಡಿದರು. ಒಂದೇ ವರ್ಷದ ಹುದ್ದೆ, ಖರ್ಚೆಲ್ಲ ಕೈಯಿಂದ. ರಾಜ ಪಟ್ಟಿಯಲ್ಲಿನ ಹೆಸರಿನ ಪಕ್ಕ ಬೆಳ್ಳಿಯ ದಬ್ಬಣದಿಂದ ಚುಚ್ಚಿದರೆ ನೇಮಕ ಆದ ಹಾಗೆ. ಜೈಲು ಶೆರಿಫ್‌ನ ಜವಾಬ್ದಾರಿ, ಆದರೆ ಅದನ್ನು ಕೈಕೆಳಗಿನವರಿಗೆ ಬಿಟ್ಟು ಮೆರವಣಿಗೆ, ಊಟ ಮುಗಿಸಿಕೊಂಡು ಮನೆಗೆ ಹೋಗುವುದು ವಾಡಿಕೆ.

ಹೋವರ್ಡ್ ತಾನೇ ಒಳಗೆ ಹೋದ. ಕೋರ್ಟು ನಿರಪರಾಧಿ ಎಂದು ಬಿಟ್ಟವರೂ ಅಲ್ಲೇ ಇದ್ದರು! ಕಾರಣ ಸರಳ. ಜೈಲರ್‌ಗೆ ಸಂಬಳ ಇಲ್ಲ, ಕೈದಿಗಳು ಕೊಡುವ ಫೀಸೇ ಅವನ ಹೊಟ್ಟೆಪಾಡು. ಫೀಸು ಕಟ್ಟದಿದ್ದರೆ ಬಾಗಿಲು ತೆಗೆಯುವುದಿಲ್ಲ.

ಕೌಂಟಿಯಿಂದಲೇ ಜೈಲರ್‌ಗೆ ಸಂಬಳ ಕೊಡಿ ಎಂದು ಆತ ಮ್ಯಾಜಿಸ್ಟ್ರೇಟರನ್ನು ಕೇಳಿದ. ಅವರು ಬೇಡ ಅನ್ನಲಿಲ್ಲ. ಹಿಂದೆ ಬೇರೆಲ್ಲಾದರೂ ಹೀಗೆ ಕೊಟ್ಟಿದ್ದರೆ ತೋರಿಸಿ ಎಂದರು. ಕಚೇರಿ ಮೆಟ್ಟಿಲು ಹತ್ತಿದ ಯಾರಿಗಾದರೂ ಈ ಉತ್ತರ ಗೊತ್ತು. ಬೇರೆಯವರಾಗಿದ್ದರೆ ಕೈಬಿಡುತ್ತಿದ್ದರು. ಈ ಪುಣ್ಯಾತ್ಮ ಕುದುರೆ ಹತ್ತಿ ಪಕ್ಕದ ಕೌಂಟಿಗಳಿಗೆ ಹುಡುಕಲು ಹೊರಟ. ಸಿಗಲಿಲ್ಲ. ಹೋದಲ್ಲೆಲ್ಲ ಅದೇ ಅನ್ಯಾಯ. ಹಾಗೆ ಹುಡುಕುತ್ತ ಹುಡುಕುತ್ತ ದೇಶದ ಜೈಲುಗಳನ್ನೆಲ್ಲ ನೋಡತೊಡಗಿದ.

ಆ ಪ್ರಯಾಣ ಹೇಗಿತ್ತೆಂದು ಆತನೇ ಬರೆದಿದ್ದಾನೆ. ಬಟ್ಟೆಗೆ ಜೈಲಿನ ನಾತ ಎಷ್ಟು ಹತ್ತಿತ್ತೆಂದರೆ, ಕಿಟಕಿ ಮುಚ್ಚಿದ ಬಾಡಿಗೆ ಗಾಡಿಯಲ್ಲಿ ಕೂರಲಾಗದೆ ಎಷ್ಟೋ ಸಲ ಕುದುರೆ ಮೇಲೇ ಹೋಗಬೇಕಾಯಿತು. ಟಿಪ್ಪಣಿ ಪುಸ್ತಕವನ್ನು ಒಂದೆರಡು ಗಂಟೆ ಬೆಂಕಿಯ ಮುಂದೆ ಬಿಡಿಸಿಟ್ಟ ಮೇಲೆಯೇ ಮುಟ್ಟಲು ಆಗುತ್ತಿದ್ದದ್ದು. ನಾತ ತಡೆಯಲು ಮೂಸುತ್ತಿದ್ದ ವಿನೆಗರ್ ಸೀಸೆಯೇ ಕೆಲವು ಜೈಲು ದಾಟುವಷ್ಟರಲ್ಲಿ ನಾರುತ್ತಿತ್ತು.

1774ರಲ್ಲಿ ಪಾರ್ಲಿಮೆಂಟ್ ಆತನನ್ನು ಕರೆಸಿ ಕೇಳಿತು. ಅದೇ ವರ್ಷ ಎರಡು ಕಾನೂನು ಬಂದವು. ಒಂದು, ಖುಲಾಸೆ ಆದವರನ್ನು ಫೀಸಿಲ್ಲದೆ ಬಿಡಬೇಕು. ಇನ್ನೊಂದು, ಕೈದಿಗಳ ಆರೋಗ್ಯಕ್ಕೆ ಸಂಬಂಧಿಸಿದ್ದು. ಕಾನೂನು ಬಂದರೆ ಸಾಲದು, ಜೈಲರ್‌ಗೆ ತಿಳಿಯಬೇಕಲ್ಲ! ಹೋವರ್ಡ್ ಸ್ವಂತ ಖರ್ಚಿನಲ್ಲಿ ಅಚ್ಚು ಹಾಕಿಸಿ ಕೌಂಟಿ ಜೈಲುಗಳಿಗೆ ಕಳಿಸಿದ. ನನ್ನ ಮಟ್ಟಿಗೆ ಭಾಷಣಕ್ಕಿಂತ ಈ ಕೆಲಸವೇ ದೊಡ್ಡದು.

ಹಾಗಂತ ಆತನನ್ನು ದೇವರು ಮಾಡುವುದು ಬೇಡ. ಮನೆಯಲ್ಲಿ ಕಟ್ಟುನಿಟ್ಟಿನ ಅಪ್ಪ. ಒಬ್ಬನೇ ಮಗ ಮತಿಗೆಟ್ಟು ಆಸ್ಪತ್ರೆ ಸೇರಿದ. ಊರೂರು ಸುತ್ತಿದವನಿಗೆ ಮನೆ ಕಾಣಲಿಲ್ಲವೇ ಎಂದು ಕೇಳುವವರು ಆಗಲೂ ಇದ್ದರು.

ಅವನಿಗೇನು ಸಿಕ್ಕಿತು ಎಂದರೆ, 1774ರ ಪಾರ್ಲಿಮೆಂಟ್ ಚುನಾವಣೆಯಲ್ಲಿ ಸೋಲು. 1790ರ ಜನವರಿಯಲ್ಲಿ, ಈಗ ಉಕ್ರೇನ್‌ನಲ್ಲಿರುವ ಖೆರ್ಸನ್‌ನಲ್ಲಿ ಜ್ವರದಿಂದ ಸಾವು. ಬದುಕಿದ್ದಾಗಲೇ ಆತನ ಪ್ರತಿಮೆಗೆಂದು ಜನ ಚಂದಾ ಎತ್ತಿದ್ದರು, ಬೇಡವೇ ಬೇಡ ಎಂದು ನಿಲ್ಲಿಸಿದ್ದ. ಸತ್ತ ಮೇಲೆ ಬೇಡ ಅನ್ನುವವರು ಯಾರು? ಲಂಡನ್ನಿನ ಸೇಂಟ್ ಪಾಲ್ಸ್ ಚರ್ಚಿನೊಳಗೆ ನಿಲ್ಲಿಸಿದ ಮೊಟ್ಟಮೊದಲ ಪ್ರತಿಮೆ ಆತನದೇ.

— ಸಂ.